ಮಾಟದ ಅಪವಾದವೂ ಶರಣಧರ್ಮವೂ

(ಶ್ರೀಮಠದ ಮಹೋತ್ಸವ ಸಭೆಯಲ್ಲಿ ಮಾಡಿದ ಉಪನ್ಯಾಸ)

 

ಈ ಮಹೋತ್ಸವದ ಸಂದರ್ಭದಲ್ಲಿ ನಾಟಕದ ವಿಷಯವಾಗಿ ನಾಲ್ಕು ಮಾತುಗಳನ್ನಾಡಬೇಕೆಂದು ನನಗೆ ಅಪ್ಪಣೆಯಾಗಿದೆ. ನಾನು ನಟನಲ್ಲ, ನಾಟಕಕಾರನೂ ಅಲ್ಲ. ಚಿಕ್ಕಂದಿನಿಂದ ನಾಟಕ ನೋಡುವ ಹುಚ್ಚುಳ್ಳವನು, ಅಷ್ಟೆ. ಆದರೂ ಗುರುಗಳ ಆಜ್ಞೆಯನ್ನು ಮೀರಲಾರದೆ ತಮ್ಮೆದುರಿಗೆ ನಿಂತಿದ್ದೇನೆ. ಮಾತಿನಲ್ಲಿ ತಪ್ಪಿದ್ದರೆ ಮನ್ನಿಸಬೇಕು; ಹುರುಳಿದ್ದರೆ ಅದು ಗುರುಕೃಪೆ.

ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣಗಳ ಈ ಸೀಮೆಗೆ ನಾಟಕವು ಹೊಸದಲ್ಲ. ಸುಗ್ಗಿ ಮುಗಿದು ಕಣದ ಕೆಲಸ ತೀರಿದೊಡನೆ ಊರ ಯುವಕರು ಹಾರ್ಮೋನಿಯಂ ಮೇಷ್ಟರನ್ನು ಕರೆಸಿ ಕುರುಕ್ಷೇತ್ರವನ್ನೋ ರಾಮಾಯಣವನ್ನೋ ಕಲಿತು, ಹಬ್ಬದ ರಾತ್ರಿ ಬೆಳಗಾಗುವ ತನಕ ಆಡುವುದನ್ನು ತಾವೆಲ್ಲರೂ ಕಂಡಿದ್ದೀರಿ. ಅದಕ್ಕೂ ಹಿಂದೆ ಮೂಡಲಪಾಯದ ಆಟಗಳಿದ್ದುವು. ನಮ್ಮ ನೆರೆಯ ಗುಬ್ಬಿಯಲ್ಲಿ 1884ರಲ್ಲಿ ಹುಟ್ಟಿದ ನಾಟಕ ಮಂಡಳಿಯು ಚನ್ನಬಸವೇಶ್ವರನ ಹೆಸರನ್ನು ಹೊತ್ತು ನಡೆದು, ಗುಬ್ಬಿ ವೀರಣ್ಣನವರ ಕಾಲದಲ್ಲಿ ಕನ್ನಡ ನಾಡಿಗೆಲ್ಲ ಕೀರ್ತಿಯನ್ನು ತಂದಿತು. ಅಕ್ಷರ ಬಾರದ ಜನರಿಗೆ ಧರ್ಮವನ್ನೂ ನೀತಿಯನ್ನೂ ತಿಳಿಸಿದ ಪಾಠಶಾಲೆ ಯಾವುದೆಂದರೆ ರಂಗಸ್ಥಳವೇ ಎಂದು ಹೇಳಿದರೆ ಅತಿಶಯವಾಗಲಾರದು.

ಆದರೆ ನಾನಿಂದು ಹೇಳಬೇಕೆಂದಿರುವುದು ನಾವು ಆಡುತ್ತ ಬಂದ ನಾಟಕಗಳ ವಿಷಯವನ್ನಲ್ಲ. ದೂರದೇಶದಲ್ಲಿ ಬರೆದ ಒಂದು ಐತಿಹಾಸಿಕ ನಾಟಕವನ್ನೂ, ಅದರ ಹಿಂದಿರುವ ನಿಜವಾದ ಕಥೆಯನ್ನೂ ತಮ್ಮ ಮುಂದಿಡುತ್ತೇನೆ. ಆಮೇಲೆ ಆ ಕಥೆಗೂ ನಮಗೂ ಏನು ಸಂಬಂಧವೆಂಬುದನ್ನು ತಾವೇ ವಿಚಾರ ಮಾಡಬೇಕು.

ಅಮೆರಿಕಾ ದೇಶದ ಆರ್ಥರ್ ಮಿಲ್ಲರ್ ಎಂಬ ನಾಟಕಕಾರನು ‘ದಿ ಕ್ರೂಸಿಬಲ್’ ಎಂಬ ನಾಟಕವನ್ನು ಬರೆದನು. ಅದು 1953ರಲ್ಲಿ ನ್ಯೂಯಾರ್ಕ್ ನಗರದಲ್ಲಿ ಮೊದಲು ರಂಗಕ್ಕೆ ಬಂದಿತು. ಅಕ್ಕಸಾಲಿಗನು ಚಿನ್ನವನ್ನು ಕರಗಿಸುವ ಮೂಸೆಯೆಂಬುದು ಆ ಹೆಸರಿನ ಅರ್ಥ. ಬೆಂಕಿಗೆ ಬಿದ್ದಾಗ ಚಿನ್ನವಾವುದು, ಕಲ್ಮಷವಾವುದು ಎಂಬುದು ಗೊತ್ತಾಗುವುದಷ್ಟೆ. ಒಂದು ಸಣ್ಣ ಹಳ್ಳಿಯು ಸುಳ್ಳಿನ ಬೆಂಕಿಗೆ ಬಿದ್ದಾಗ ಯಾರು ಏನಾದರು ಎಂಬುದೇ ಅದರ ಕಥಾವಸ್ತು.

ಆ ಹಳ್ಳಿಯ ಹೆಸರು ಸೇಲಂ. ಇದು ನಮ್ಮ ತಮಿಳು ಸೀಮೆಯ ಸೇಲಂ ಅಲ್ಲ. ಇಂಗ್ಲೆಂಡಿನಿಂದ ಸಮುದ್ರವನ್ನು ದಾಟಿ ಹೋದ ಜನರು ಮ್ಯಾಸಚೂಸೆಟ್ಸ್ ಪ್ರಾಂತ್ಯದಲ್ಲಿ ಕಟ್ಟಿಕೊಂಡ ಊರು. ಆ ಜನರು ಬಹು ನಿಷ್ಠಾವಂತರು. ದೇವರ ಭಯದಲ್ಲಿಯೇ ಬಾಳಬೇಕೆಂದು ಪ್ರತಿಜ್ಞೆ ಮಾಡಿದವರು. ಅಂಥವರ ಊರಿನಲ್ಲಿ, ಅದೂ ಪಾದ್ರಿಯ ಮನೆಯಲ್ಲಿಯೇ, 1692ನೆಯ ಇಸವಿಯ ಪ್ರಾರಂಭದಲ್ಲಿ ಇಬ್ಬರು ಹುಡುಗಿಯರು ಮೈನಡುಗಿ ಕಿರಿಚಾಡತೊಡಗಿದರು. ಒಬ್ಬಳಿಗೆ ಒಂಬತ್ತು ವರ್ಷ, ಇನ್ನೊಬ್ಬಳಿಗೆ ಹನ್ನೊಂದು. ವೈದ್ಯನು ಬಂದು ನೋಡಿ, ರೋಗವಾವುದೆಂದು ತಿಳಿಯದೆ, ಇದು ದುಷ್ಟಶಕ್ತಿಯ ಕೈವಾಡವೆಂದನು. ತಿಳಿಯದೆಂಬ ಒಂದು ಮಾತನ್ನು ಅವನು ಹೇಳಿದ್ದರೆ ಎಷ್ಟು ಪ್ರಾಣಗಳು ಉಳಿಯುತ್ತಿದ್ದುವೋ!

ಒಡನೆಯೇ ಹುಟ್ಟಿದ ಪ್ರಶ್ನೆ, ‘ಮಾಡಿದವರಾರು?’ ಎಂಬುದು. ಹುಡುಗಿಯರನ್ನು ಸುತ್ತುಗಟ್ಟಿ ಹಿರಿಯರು ಕೇಳಿದರು. ಮೂವರು ಹೆಂಗಸರ ಹೆಸರು ಹೊರಬಿದ್ದಿತು. ಟಿಟುಬಾ ಎಂಬವಳು ಪಾದ್ರಿಯ ಮನೆಯ ದಾಸಿ. ಸಾರಾ ಗುಡ್ ಎಂಬವಳು ಮನೆಮನೆಗೆ ಹೋಗಿ ಬೇಡುತ್ತಿದ್ದ ಬಡವಿ. ಸಾರಾ ಆಸ್‌ಬರ್ನ್ ಎಂಬವಳು ಹಾಸಿಗೆ ಹಿಡಿದಿದ್ದ ರೋಗಿ, ಜಮೀನಿನ ವ್ಯಾಜ್ಯದಲ್ಲಿ ಸಿಕ್ಕಿದ್ದವಳು. ಪರದೇಶಿ, ದರಿದ್ರಳು, ಆಸ್ತಿಯ ಜಗಳಕ್ಕೆ ಸಿಕ್ಕಿದವಳು, ಹೀಗೆ ಮೂವರು. ಇವರ ಪರವಾಗಿ ಎದ್ದು ನಿಲ್ಲುವವರು ಯಾರೂ ಇರಲಿಲ್ಲವೆಂಬುದನ್ನು ಗಮನಿಸಬೇಕು. ಬೆಂಕಿಯು ಮೊದಲು ಹತ್ತಿಕೊಳ್ಳುವುದು ಒಣಗಿದ ಹುಲ್ಲಿಗೇ ತಾನೆ?

ಆದರೆ ಬೆಂಕಿಯು ಅಲ್ಲಿಯೇ ನಿಲ್ಲಲಿಲ್ಲ. ನೂರೈವತ್ತಕ್ಕೂ ಹೆಚ್ಚು ಜನರು ಸೆರೆಮನೆ ಸೇರಿದರು. ಸಾರಾ ಗುಡ್ ಎಂಬವಳ ನಾಲ್ಕೈದು ವರ್ಷದ ಮಗುವನ್ನೂ ಬಿಡದೆ ಸಂಕಲೆ ಹಾಕಿದರು. ರೆಬೆಕ್ಕಾ ನರ್ಸ್ ಎಂಬಾಕೆ ಎಪ್ಪತ್ತೊಂದು ವರ್ಷದ ವೃದ್ಧೆ, ದೈವಭಕ್ತಳೆಂದು ಊರೆಲ್ಲ ಗೌರವಿಸುತ್ತಿದ್ದ ಗೃಹಿಣಿ. ಪಂಚರು ಮೊದಲು ಆಕೆಯನ್ನು ನಿರ್ದೋಷಿಯೆಂದೇ ತೀರ್ಮಾನಿಸಿದರು. ಅದನ್ನು ಕೇಳಿ ಹುಡುಗಿಯರು ಅರಚಿಕೊಂಡರು. ಮರಳಿ ವಿಚಾರಮಾಡಿರೆಂದು ನ್ಯಾಯಾಧೀಶರು ಪಂಚರಿಗೆ ಸೂಚಿಸಿದರು. ಪಂಚರು ತೀರ್ಪನ್ನು ತಿರುಗಿಸಿದರು. ಆಕೆಯನ್ನು ನೇಣಿಗೇರಿಸಿದರು. ಒಟ್ಟು ಹತ್ತೊಂಬತ್ತು ಜನರು ನೇಣಿನಿಂದ ಸತ್ತರು. ಅವರಲ್ಲಿ ಹದಿನಾಲ್ವರು ಹೆಂಗಸರು. ಎಂಬತ್ತರ ವಯಸ್ಸಿನ ಗೈಲ್ಸ್ ಕೋರಿ ಎಂಬ ರೈತನು ನ್ಯಾಯಾಲಯಕ್ಕೆ ಉತ್ತರ ಹೇಳಲೊಪ್ಪದಿರಲು, ಅವನ ಎದೆಯ ಮೇಲೆ ಕಲ್ಲುಗಳನ್ನು ಹೇರಿ ಕೊಂದರು.

ಇಷ್ಟಕ್ಕೂ ಸಾಕ್ಷ್ಯವೇನು? ಇದೇ ಈ ಕಥೆಯ ಹೃದಯ. ಇಂಥವಳ ಛಾಯಾರೂಪವು ರಾತ್ರಿ ಬಂದು ನನ್ನನ್ನು ಹಿಂಡಿತು, ನನ್ನ ಕಣ್ಣಿಗೆ ಕಾಣುತ್ತಿದೆ, ನಿಮಗೆ ಕಾಣದು ಎಂದು ಹುಡುಗಿಯರು ಹೇಳಿದರು. ಅದನ್ನು ನ್ಯಾಯಾಧೀಶರು ಸಾಕ್ಷ್ಯವೆಂದು ಅಂಗೀಕರಿಸಿದರು. ಆ ಹೊತ್ತಿನಲ್ಲಿ ನಾನು ನನ್ನ ಮನೆಯಲ್ಲಿ ಮಲಗಿದ್ದೆನೆಂದು ಆ ಹೆಂಗಸು ಸಾಧಿಸಿದರೂ ಪ್ರಯೋಜನವಿಲ್ಲ. ಬಂದುದು ಅವಳ ಛಾಯೆಯೇ ಹೊರತು ದೇಹವಲ್ಲವಷ್ಟೆ! ಹೀಗೆ ಒಬ್ಬರಿಗೆ ಮಾತ್ರ ಕಾಣುವ ಸಾಕ್ಷ್ಯವನ್ನು ಇನ್ನೊಬ್ಬರು ಸುಳ್ಳೆಂದು ತೋರಿಸುವ ದಾರಿಯೇ ಇರಲಿಲ್ಲ.

ಇದಕ್ಕಿಂತಲೂ ಘೋರವಾದುದೊಂದುಂಟು. ಹೌದು, ನಾನು ಮಾಟಗಾತಿಯೆಂದು ಒಪ್ಪಿಕೊಂಡು, ಇನ್ನು ನಾಲ್ವರ ಹೆಸರು ಹೇಳಿದವರು ನೇಣಿನಿಂದ ಉಳಿದರು. ನಾನರಿಯೆ, ನಾನು ನಿರಪರಾಧಿ ಎಂದು ಸತ್ಯವನ್ನು ನುಡಿದವರು ಸತ್ತರು. ಸುಳ್ಳಿಗೆ ಪ್ರಾಣದಾನ, ಸತ್ಯಕ್ಕೆ ಮರಣದಂಡನೆ! ಹರಿಶ್ಚಂದ್ರನ ಕಥೆಯನ್ನು ರಾಘವಾಂಕನ ಕಾವ್ಯದಿಂದ ಬಲ್ಲ ನಾವು ಈ ಮಾತಿನ ಭಾರವನ್ನು ಅರಿಯಬಲ್ಲೆವು.

ಮಿಲ್ಲರನ ನಾಟಕದ ನಾಯಕನು ಜಾನ್ ಪ್ರಾಕ್ಟರ್ ಎಂಬ ರೈತ. ಕೊನೆಯ ಅಂಕದಲ್ಲಿ ಅವನು ಪ್ರಾಣದ ಆಸೆಯಿಂದ ಸುಳ್ಳು ತಪ್ಪೊಪ್ಪಿಗೆಗೆ ರುಜು ಹಾಕುತ್ತಾನೆ. ಆದರೆ ಆ ಕಾಗದವನ್ನು ಚರ್ಚಿನ ಬಾಗಿಲಿಗೆ ಅಂಟಿಸುವರೆಂದು ತಿಳಿದಾಗ, ತನ್ನ ಹೆಸರು ಉಳಿದವರನ್ನು ಮುರಿಯುವ ಆಯುಧವಾಗುವುದೆಂದು ಅರಿತು, ಅದನ್ನು ಹರಿದುಹಾಕಿ ನೇಣಿನ ಕಡೆಗೆ ನಡೆಯುತ್ತಾನೆ. ಚರಿತ್ರೆಯ ಪ್ರಾಕ್ಟರನು 1692ರ ಆಗಸ್ಟ್ 19ರಂದು ಮಡಿದನು. ನಾಟಕಕಾರನು ರಂಗದ ಅನುಕೂಲಕ್ಕಾಗಿ ಕೆಲವನ್ನು ಬದಲಾಯಿಸಿರುವನೆಂಬುದನ್ನೂ ಹೇಳಬೇಕು. ಪ್ರಾಕ್ಟರನಿಗೆ ನಿಜವಾಗಿ ಅರುವತ್ತರ ವಯಸ್ಸು. ನಾಟಕದಲ್ಲಿ ಮೂವತ್ತರ ಹರೆಯ. ಅಬಿಗೇಲ್ ಎಂಬ ಹುಡುಗಿಗೆ ಹನ್ನೊಂದು ವರ್ಷ, ನಾಟಕದಲ್ಲಿ ಹದಿನೇಳು. ಅವರಿಬ್ಬರ ಪ್ರಣಯವು ಕವಿಕಲ್ಪಿತ. ಆದರೆ ಹಳ್ಳಿಯು ಹೇಗೆ ಹುಚ್ಚಾಯಿತೆಂಬುದು ಕಲ್ಪಿತವಲ್ಲ. ಮಿಲ್ಲರನು ಆ ಕಥೆಯನ್ನು ತೆಗೆದುಕೊಂಡುದಕ್ಕೆ ತನ್ನ ಕಾಲದ ಕಾರಣವೂ ಇದ್ದಿತು. ಆಗ ಅಮೆರಿಕೆಯಲ್ಲಿ ಕಮ್ಯೂನಿಸ್ಟರೆಂಬ ಸಂಶಯದಿಂದ ಜನರನ್ನು ಸಮಿತಿಗಳ ಮುಂದೆ ನಿಲ್ಲಿಸಿ, ಜೊತೆಗಾರರ ಹೆಸರು ಹೇಳೆಂದು ಒತ್ತಾಯಿಸುತ್ತಿದ್ದರು. 1956ರಲ್ಲಿ ಅವನನ್ನೂ ಕರೆದರು. ಅವನು ಇನ್ನೊಬ್ಬರ ಹೆಸರನ್ನು ಹೇಳಲಿಲ್ಲ. ತಾನು ಬರೆದುದನ್ನು ತಾನೇ ನಡೆಸಿ ತೋರಿಸಬೇಕಾಯಿತು.

ಮಹನೀಯರೇ, ಇದು ಪರದೇಶದ ಮಾತು, ಮುನ್ನೂರು ವರ್ಷಗಳ ಹಿಂದಿನ ಮಾತು, ನಮಗೇತಕ್ಕೆ ಎಂದು ಯಾರಾದರೂ ಕೇಳಬಹುದು. ಹಾಗಾದರೆ ಚನ್ನರಾಯಪಟ್ಟಣದ ಗಡಿಯನ್ನು ದಾಟಿದರೆ ಸಿಕ್ಕುವ ಮಂಡ್ಯದ ಜಿಲ್ಲೆಗೆ ಬನ್ನಿ.

ಸ್ಕಾರ್ಲೆಟ್ ಎಪ್‌ಸ್ಟೈನ್ ಎಂಬ ವಿದ್ವಾಂಸಳು 1954ರಿಂದ 1956ರ ವರೆಗೆ ಆ ಜಿಲ್ಲೆಯ ಹಳ್ಳಿಗಳಲ್ಲಿದ್ದು ಜನಜೀವನವನ್ನು ಅಭ್ಯಾಸಮಾಡಿದಳು. ಆಕೆ ವಿಯೆನ್ನಾ ನಗರದಲ್ಲಿ ಯೆಹೂದ್ಯರ ಮನೆಯಲ್ಲಿ ಹುಟ್ಟಿ, ನಾಟ್ಸಿಗಳ ಹಾವಳಿಗೆ ಸಿಕ್ಕಿ ದೇಶವನ್ನೇ ಬಿಟ್ಟು ಓಡಿಬಂದವಳು. ಒಂದು ಜನಾಂಗದ ಮೇಲೆ ಸುಳ್ಳು ಅಪವಾದವನ್ನು ಹೊರಿಸಿದರೆ ಏನಾಗುವುದೆಂಬುದನ್ನು ಕಣ್ಣಾರೆ ಕಂಡವಳು. ಆಕೆ ತನ್ನ ಗ್ರಂಥದಲ್ಲಿ ವಂಗಲವೆಂದು ಕರೆದಿರುವ ಹಳ್ಳಿಗೆ 1930ರ ದಶಕದಲ್ಲಿ ವಿಶ್ವೇಶ್ವರಯ್ಯ ಕಾಲುವೆಯ ನೀರು ಬಂದಿತು. ಮಂಡ್ಯದಲ್ಲಿ ಸಕ್ಕರೆಯ ಕಾರ್ಖಾನೆಯಾಯಿತು. ರಾಗಿ ಬೆಳೆಯುತ್ತಿದ್ದ ಹೊಲದಲ್ಲಿ ಕಬ್ಬು ಬೆಳೆಯಿತು. ಕೈಗೆ ನಗದು ಹಣ ಬಂದಿತು. ಕೆಲವರು ಹೆಂಗಸರು ತಾವು ಕೂಡಿಟ್ಟ ಹಣವನ್ನು ಬಡ್ಡಿಗೆ ಕೊಡತೊಡಗಿದರು. ಹಿಂದೆ ಗಂಡಸರ ಕೈಯಲ್ಲಿದ್ದ ವ್ಯವಹಾರವು ಹೆಂಗಸರ ಕೈಗೂ ಬಂದಿತು. ಆ ಊರಿನಲ್ಲಿ ಮಾಟಗಾತಿಯೆಂಬ ಅಪವಾದಕ್ಕೆ ಗುರಿಯಾದವರನ್ನು ಆಕೆ ವಿಚಾರಿಸಿ ನೋಡಿದಾಗ, ಎಲ್ಲರೂ ಹೆಂಗಸರೇ. ಅವರಲ್ಲಿ ಸಾಲ ಕೊಡುತ್ತಿದ್ದ ಹೆಂಗಸರು ಎದ್ದು ಕಾಣುತ್ತಿದ್ದರು. ಈ ವಿಷಯವಾಗಿ ಆಕೆ 1959ರಲ್ಲಿ ಒಂದು ಲೇಖನವನ್ನೇ ಪ್ರಕಟಿಸಿದಳು.

ಅದರ ತಾತ್ಪರ್ಯವನ್ನು ನಮ್ಮ ಮಾತಿನಲ್ಲಿ ಹೇಳುವುದಾದರೆ ಹೀಗೆ. ಕಾಲ ಬದಲಾಯಿತು, ಹಳೆಯ ನಡವಳಿಕೆಗಳು ಸಡಿಲವಾದುವು. ಸಾಲ ತೆಗೆದುಕೊಂಡವನಿಗೆ ತೀರಿಸಲಾಗದು. ಕೊಟ್ಟವಳ ಮುಖವನ್ನು ನೋಡಲಾಗದು. ಮನಸ್ಸಿನಲ್ಲಿ ಕಹಿ ತುಂಬುತ್ತದೆ. ಆ ಹೊತ್ತಿಗೆ ಮನೆಯಲ್ಲಿ ಎಮ್ಮೆ ಬತ್ತಿದರೆ, ಮಗುವಿಗೆ ಜ್ವರ ಬಂದರೆ, ಆ ಕಹಿಗೆ ಒಂದು ಹೆಸರು ಸಿಕ್ಕುತ್ತದೆ. ಸೇಲಮಿನಲ್ಲಿ ಜಮೀನಿನ ಜಗಳ, ಇಲ್ಲಿ ಸಾಲದ ಜಗಳ. ಮಾಟವೆಂಬುದು ಮೇಲಣ ಹೊದಿಕೆ. ಹೊದಿಕೆಯನ್ನು ತೆಗೆದು ನೋಡಿದರೆ ಒಳಗಿರುವುದು ನಮ್ಮ ಅಸೂಯೆ, ನಮ್ಮ ಸಾಲ, ನಮ್ಮ ಭಯ. ಹೇಮಾವತಿಗೆ ಗೊರೂರಿನಲ್ಲಿ ಅಣೆಕಟ್ಟಾಗಿ ನಮ್ಮ ಸೀಮೆಯಲ್ಲಿಯೂ ನೀರು ಹರಿದಿದೆ, ಹಣ ಓಡಾಡಿದೆ. ಅಣ್ಣತಮ್ಮಂದಿರ ಹಿಸ್ಸೆಯ ಜಗಳ, ಬದುವಿನ ಜಗಳ, ನೀರಿನ ಸರದಿಯ ಜಗಳ ಇವನ್ನು ನಾನು ತಮಗೆ ಹೇಳಬೇಕಾದುದಿಲ್ಲ. ಇಂಥವಳು ಊಟದಲ್ಲಿ ಮದ್ದು ಹಾಕಿದಳೆಂಬ ಮಾತನ್ನು ತಮ್ಮಲ್ಲಿ ಕೇಳದವರು ಯಾರು? ಮೂರು ದಾರಿ ಕೂಡುವಲ್ಲಿ ನಿಂಬೆಹಣ್ಣು ಕುಂಕುಮಗಳನ್ನು ಕಂಡು ಸುತ್ತಿಕೊಂಡು ಹೋಗದವರು ಎಷ್ಟು ಮಂದಿ?

ಈಗ ನನ್ನ ಒಂದು ಮಾತನ್ನು ಹೇಳಬೇಕಾಗಿದೆ. ಇದುವರೆಗೆ ಸಭೆಯಲ್ಲಿ ಎಂದೂ ಹೇಳಿದವನಲ್ಲ. ಗುರುಸನ್ನಿಧಿಯಲ್ಲಿ ಮುಚ್ಚಿಡಬಾರದೆಂದು ಹೇಳುತ್ತೇನೆ.

ನನಗಾಗ ಹತ್ತು ವರ್ಷ. ನಮ್ಮದು ಈ ಸೀಮೆಯದೇ ಒಂದು ಸಣ್ಣ ಹಳ್ಳಿ. ನಮ್ಮ ಬೀದಿಯ ಕೊನೆಯ ಮನೆಯಲ್ಲಿ ಗಂಡನನ್ನು ಕಳೆದುಕೊಂಡ ಒಬ್ಬ ಅಜ್ಜಿ ಇದ್ದರು. ಗಂಡುಮಕ್ಕಳಿಲ್ಲ; ಮಗಳನ್ನು ಬೇರೆ ತಾಲ್ಲೂಕಿಗೆ ಕೊಟ್ಟಿತ್ತು. ಎರಡು ಎಮ್ಮೆಗಳನ್ನು ಸಾಕಿ, ತುಪ್ಪ ಮಾರಿ, ನಾಲ್ಕು ಕಾಸು ಕೂಡಿಟ್ಟು, ಕಷ್ಟವೆಂದು ಬಂದವರಿಗೆ ಒಡವೆಯ ಮೇಲೆ ಸಾಲ ಕೊಡುತ್ತಿದ್ದರು. ಬಿಸಿಲಿನಲ್ಲಿ ಆಡಿ ಬಂದ ಮಕ್ಕಳನ್ನು ಕರೆದು ಚೆಂಬಿನಲ್ಲಿ ಮಜ್ಜಿಗೆ ಕೊಡುತ್ತಿದ್ದರು. ನಾನೂ ಎಷ್ಟೋ ಸಲ ಕುಡಿದಿದ್ದೇನೆ.

ಒಂದು ಬೇಸಗೆಯಲ್ಲಿ ಕಟ್ಟೆಯ ನೀರು ತಳ ಕಂಡಿತು. ವಾಂತಿಭೇದಿ ಬಂದಿತು. ಒಂದು ಮನೆಯ ಎಳೆಯ ಹುಡುಗ ಎರಡೇ ದಿನದಲ್ಲಿ ತೀರಿಕೊಂಡ. ಅವನಿಗೆ ಅಜ್ಜಿ ಮಜ್ಜಿಗೆ ಕೊಟ್ಟಿದ್ದರೆಂದು ಯಾರೋ ಅಂದರು. ಆ ಮನೆಯವರ ಒಡವೆಯು ಅಜ್ಜಿಯ ಪೆಟ್ಟಿಗೆಯಲ್ಲಿದ್ದಿತೆಂಬುದನ್ನು ಮಾತ್ರ ಯಾರೂ ಅನ್ನಲಿಲ್ಲ. ಹಿರಿಯರು ಅಂಜನ ಹಾಕುವವನನ್ನು ಕರೆಸಿದರು. ವೀಳ್ಯದೆಲೆಯ ಮೇಲೆ ಕಪ್ಪನ್ನು ಸವರಿ, ದೀಪದೆದುರಿಗೆ ಹಿಡಿದು, ಮಗುವಿನ ಕಣ್ಣಿಗೇ ಅದು ಕಾಣುವುದೆಂದು ಒಬ್ಬ ಹುಡುಗನನ್ನು ಕೂರಿಸುವುದು ವಾಡಿಕೆ. ಕೂರಿಸಿದ್ದು ನನ್ನನ್ನು.

ಆ ಎಲೆಯಲ್ಲಿ ನನಗೆ ಕಂಡುದು ದೀಪದ ಕುಡಿ, ಮತ್ತೇನೂ ಇಲ್ಲ. ಆದರೆ ಅವನು ಕೇಳಿದ: ‘ಹೆಂಗಸು ಕಾಣುತ್ತಾಳೆಯೇ, ಮಗು?’ ಸುತ್ತಲೂ ಊರ ದೊಡ್ಡವರೆಲ್ಲ ಉಸಿರು ಬಿಗಿಹಿಡಿದು ಕುಳಿತಿದ್ದರು. ಹೌದೆಂದೆ. ‘ಮುದುಕಿಯೇ?’ ಹೌದೆಂದೆ. ‘ಕೈಯಲ್ಲಿ ಚೆಂಬಿದೆಯೇ?’ ಅದಕ್ಕೂ ಹೌದೆಂದೆ. ಮೂರು ಸಲ ಹೌದೆಂದುದಷ್ಟೇ ನಾನು ಮಾಡಿದ ಕೆಲಸ. ಹೆಸರನ್ನು ನಾನು ಹೇಳಲಿಲ್ಲ. ಹೇಳುವ ಅಗತ್ಯವೂ ಬೀಳಲಿಲ್ಲ. ನನ್ನನ್ನು ಜಾಣನೆಂದು ಬೆನ್ನು ಚಪ್ಪರಿಸಿ, ಕೈಗೆ ಬೆಲ್ಲದ ತುಂಡನ್ನು ಕೊಟ್ಟರು.

ಅಜ್ಜಿಯನ್ನು ಯಾರೂ ಹೊಡೆಯಲಿಲ್ಲ. ಆದರೆ ಅಂದಿನಿಂದ ಅವರ ಮನೆಯ ತುಪ್ಪವನ್ನು ಯಾರೂ ಕೊಳ್ಳಲಿಲ್ಲ. ಬಾವಿಯ ಬಳಿ ಅವರು ಬಂದರೆ ಉಳಿದ ಹೆಂಗಸರು ಕೊಡ ಎತ್ತಿಕೊಂಡು ಹೊರಡುತ್ತಿದ್ದರು. ತಾಯಂದಿರು ಮಕ್ಕಳನ್ನು ಒಳಕ್ಕೆ ಕರೆದುಕೊಳ್ಳುತ್ತಿದ್ದರು. ಒಂದು ದಿನ ಬೆಳಿಗ್ಗೆ ಅವರು ಎಮ್ಮೆಗಳನ್ನು ಹೊಡೆದುಕೊಂಡು ಮಗಳ ಊರಿಗೆ ಹೊರಟರು. ನಾನು ಜಗುಲಿಯ ಮೇಲೆ ಕುಳಿತಿದ್ದೆ. ನನ್ನನ್ನು ನೋಡಿ, ‘ಚೆನ್ನಾಗಿ ಓದಿಕೊಳ್ಳಪ್ಪ’ ಎಂದು ಹೇಳಿ ಹೋದರು. ಎಲೆಯ ಮುಂದೆ ಕುಳಿತವನು ನಾನೇ ಎಂಬುದು ಅವರಿಗೆ ತಿಳಿದಿತ್ತೋ ಇಲ್ಲವೋ ನಾನರಿಯೆ. ದೊಡ್ಡವನಾಗಿ ಬುದ್ಧಿ ಬಂದ ಮೇಲೆ ಆ ಊರನ್ನು ಹುಡುಕಿಕೊಂಡು ಹೋದೆ. ಅವರು ಲಿಂಗೈಕ್ಯರಾಗಿ ಎಷ್ಟೋ ವರ್ಷಗಳಾಗಿದ್ದುವು.

ಮಹನೀಯರೇ, ಆ ಅಜ್ಜಿಯ ಎದೆಯ ಮೇಲೆ ಇಷ್ಟಲಿಂಗವಿದ್ದಿತು. ಅಂಜನಕ್ಕೆ ಕುಳಿತ ನನ್ನ ಎದೆಯ ಮೇಲೆಯೂ ಇದ್ದಿತು. ಸುತ್ತ ಕುಳಿತ ಹಿರಿಯರ ಎದೆಯ ಮೇಲೆಯೂ ಇದ್ದಿತು. ಇದೊಂದು ಮಾತು ನನ್ನನ್ನು ಇಂದಿಗೂ ಬಿಟ್ಟಿಲ್ಲ. ಅದನ್ನೇ ತಮ್ಮ ಮುಂದಿಡಲು ಈ ಕಥೆಯನ್ನೆಲ್ಲ ಹೇಳಬೇಕಾಯಿತು.

ಲಿಂಗವನ್ನು ಕರಸ್ಥಲದಲ್ಲಿ ಕೊಡುವಾಗ ಗುರುವು ನಮಗೆ ಕೊಟ್ಟುದೇನು? ಇದಕ್ಕಿಂತ ಹೆಚ್ಚಿನ ಶಕ್ತಿ ಬೇರೊಂದಿಲ್ಲವೆಂಬ ಅಭಯವನ್ನಲ್ಲವೇ? ಶರಣರು ಮಡಕೆ ಮೊರಗಳನ್ನೆಲ್ಲ ದೈವವೆಂದು ನಂಬಿ ನಡುಗುವವರನ್ನು ಹಾಸ್ಯಮಾಡಿದುದು ಬರಿಯ ವಿನೋದಕ್ಕಲ್ಲ. ಭಯವಿರುವಲ್ಲಿ ಭಕ್ತಿ ನಿಲ್ಲಲಾರದೆಂಬುದನ್ನು ತಿಳಿಸುವುದಕ್ಕಾಗಿ. ವಿಭೂತಿಯನ್ನು ಧರಿಸಿ, ಷಡಕ್ಷರಿಯನ್ನು ಜಪಿಸಿ, ಆಮೇಲೆ ನೆರೆಮನೆಯ ಮುದುಕಿಯ ಚೆಂಬಿಗೆ ಹೆದರುವುದೆಂದರೆ, ನಮ್ಮ ಲಿಂಗಕ್ಕಿಂತ ಆ ಚೆಂಬೇ ದೊಡ್ಡದೆಂದು ಒಪ್ಪಿದಂತಾಗಲಿಲ್ಲವೇ?

ಇನ್ನೂ ಒಂದು ವಿಚಾರ. ಮಾಟದ ಸಂಶಯವು ಬಹುಮಟ್ಟಿಗೆ ಅನ್ನಪಾನಗಳ ಮೂಲಕವೇ ಬರುತ್ತದೆ. ಅವಳು ಕೊಟ್ಟುದನ್ನು ತಿನ್ನಬೇಡ, ಅವಳ ಮನೆಯ ನೀರನ್ನು ಮುಟ್ಟಬೇಡ. ಶರಣರಾದರೋ ಅನ್ನವನ್ನು ಪ್ರಸಾದವೆಂದು ಕರೆದು, ಎಲ್ಲ ಕುಲದವರನ್ನೂ ಒಂದೇ ಪಂಕ್ತಿಯಲ್ಲಿ ಕೂರಿಸಿದರು. ಜಾತಿ, ಜನನ, ಪ್ರೇತ, ರಜಸ್ಸು, ಉಚ್ಛಿಷ್ಟ ಎಂಬ ಐದು ಸೂತಕಗಳನ್ನೂ ತಳ್ಳಿಹಾಕಿದರು. ವಿಧವೆಯು ಅಮಂಗಳೆ, ಮುಟ್ಟಾದವಳು ಅಶುದ್ಧೆ, ಸಾವಿನ ಮನೆ ಅಪಾಯವೆಂಬ ಭಾವನೆಯ ಬೇರನ್ನೇ ಕಿತ್ತರು. ಮಾಟಗಾತಿಯೆಂಬ ಕಲ್ಪನೆಯು ಬೆಳೆಯುವುದು ಈ ಬೇರಿನ ಮೇಲೆಯೇ. ಬೇರು ಕಿತ್ತ ಮೇಲೆ ಗಿಡವು ನಮ್ಮ ಹಿತ್ತಿಲಲ್ಲಿ ಹೇಗೆ ಚಿಗುರಿತು?

ಸುಳ್ಳು ಅಪವಾದವು ಶರಣರಿಗೆ ಹೊಸದಲ್ಲ. ಬಸವಣ್ಣನವರು ಭಂಡಾರದ ಹಣವನ್ನು ಜಂಗಮರಿಗೆ ಸುರಿಯುತ್ತಿರುವರೆಂದು ಚಾಡಿಕೋರರು ಬಿಜ್ಜಳನ ಕಿವಿಯಲ್ಲಿ ಊದಿದ ಕಥೆಯನ್ನು ಪುರಾಣಪ್ರವಚನಗಳಲ್ಲಿ ತಾವು ಕೇಳಿದ್ದೀರಿ. ಭೀಮಕವಿಯು 1369ರಲ್ಲಿ ಬರೆದ ಬಸವಪುರಾಣವು ಅಂಥ ಕಥೆಗಳ ಗಣಿ. ಆಗ ನಡೆದುದೇನು? ಭಂಡಾರವನ್ನು ತೆರೆದು ಲೆಕ್ಕ ನೋಡಿದರು, ಹೊನ್ನು ಸರಿಯಾಗಿದ್ದಿತು. ಇದನ್ನು ಪವಾಡವೆಂದು ಕೇಳಿ ಕೈಮುಗಿಯುವುದು ಸರಿಯೇ. ಆದರೆ ಅದರಲ್ಲಿ ಇನ್ನೊಂದು ಪಾಠವೂ ಅಡಗಿದೆ. ದೂರು ಬಂದಾಗ ಎಲ್ಲರ ಕಣ್ಣೆದುರಿಗೆ ಲೆಕ್ಕ ನೋಡಬೇಕು. ಯಾರ ಕಣ್ಣಿಗೂ ಕಾಣದ ಛಾಯೆಯನ್ನು ಸಾಕ್ಷಿಗೆ ಕರೆಯಬಾರದು. ಅಜ್ಜಿಯ ಭಂಡಾರವನ್ನು ತೆರೆದು ನೋಡುವವರು ನಮ್ಮೂರಿನಲ್ಲಿ ಒಬ್ಬರೂ ಇರಲಿಲ್ಲ. ನೋಡಿದ್ದರೆ ಒಡವೆ ಸಿಕ್ಕುತ್ತಿತ್ತು. ಕಟ್ಟೆಯ ನೀರನ್ನು ನೋಡಿದ್ದರೆ ರೋಗದ ಕಾರಣವೂ ಸಿಕ್ಕುತ್ತಿತ್ತು.

ಸೇಲಂ ಹೇಗೆ ಸುಧಾರಿಸಿಕೊಂಡಿತೆಂಬುದನ್ನೂ ಹೇಳದಿದ್ದರೆ ಕಥೆ ಅಪೂರ್ಣವಾಗುವುದು. 1692ರ ಅಕ್ಟೋಬರಿನಲ್ಲಿ ರಾಜ್ಯಪಾಲನು ಆ ನ್ಯಾಯಾಲಯವನ್ನು ಮುಚ್ಚಿದನು. ಮುಂದಿನ ವರ್ಷದ ವಿಚಾರಣೆಗಳಲ್ಲಿ ಛಾಯೆಯ ಸಾಕ್ಷ್ಯವನ್ನು ಒಪ್ಪದಿರಲು, ಹೆಚ್ಚಿನ ಮೊಕದ್ದಮೆಗಳು ತಾವಾಗಿಯೇ ಬಿದ್ದುಹೋದುವು. 1697ರಲ್ಲಿ ಸ್ಯಾಮ್ಯುಯೆಲ್ ಸೀವಾಲ್ ಎಂಬ ನ್ಯಾಯಾಧೀಶನು ಬೋಸ್ಟನ್ನಿನ ಪ್ರಾರ್ಥನಾಮಂದಿರದಲ್ಲಿ ಜನರೆದುರಿಗೆ ಎದ್ದು ನಿಂತು, ತನ್ನ ತಪ್ಪೊಪ್ಪಿಗೆಯನ್ನು ಪಾದ್ರಿಯಿಂದ ಓದಿಸಿದನು. ಹನ್ನೆರಡನೆಯ ವಯಸ್ಸಿನಲ್ಲಿ ಎಷ್ಟೋ ಜನರ ಹೆಸರು ಹೇಳಿದ್ದ ಆನ್ ಪಟ್ನಮ್ ಎಂಬವಳು 1706ರಲ್ಲಿ ತನ್ನ ಊರಿನ ಸಭೆಯಲ್ಲಿ ಹಾಗೆಯೇ ಕ್ಷಮೆ ಬೇಡಿದಳು. 1711ರಲ್ಲಿ ಸತ್ತವರ ಮನೆಯವರಿಗೆ ಸರಕಾರವು ಪರಿಹಾರ ಕೊಟ್ಟಿತು. ಕೊನೆಯವಳಾದ ಎಲಿಜಬೆತ್ ಜಾನ್ಸನ್ ಎಂಬವಳ ಮೇಲಿನ ಕಳಂಕವು ಕಾನೂನಿನಂತೆ ತೊಳೆದುಹೋದುದು 2022ರಲ್ಲಿ. ಒಂದು ವರ್ಷದ ಸುಳ್ಳನ್ನು ಅಳಿಸಲು ಮುನ್ನೂರಮೂವತ್ತು ವರ್ಷ ಬೇಕಾಯಿತು! ನಾನು ಇಂದು ತಮ್ಮೆದುರಿಗೆ ನಿಂತು ಹೇಳಿದುದಕ್ಕೆ ಆ ನ್ಯಾಯಾಧೀಶನೂ ಆ ಹೆಂಗಸೂ ನನಗೆ ಮೇಲ್ಪಂಕ್ತಿ.

ನಮ್ಮ ದೇಶದಲ್ಲಿ ಈ ಪೀಡೆಯು ಇನ್ನೂ ತೀರಿಲ್ಲ. ಜಾರ್ಖಂಡದ ಛುಟ್ನಿ ದೇವಿಯವರನ್ನು 1995ರಲ್ಲಿ ಊರವರು ಮಾಟಗಾತಿಯೆಂದು ಹಿಂಸಿಸಿ ಓಡಿಸಿದರು. ಆ ತಾಯಿ ಅಳುತ್ತ ಕೂರದೆ, ತನ್ನಂತೆ ನೊಂದ ಇತರ ಹೆಂಗಸರನ್ನು ಕಾಯುವ ಕೆಲಸಕ್ಕೆ ನಿಂತರು. ಅಸ್ಸಾಮಿನ ಬಿರುಬಾಲಾ ರಾಭಾ ಅವರೂ ಅದೇ ಹೋರಾಟದಲ್ಲಿ ಬಾಳು ಸವೆಸಿ 2024ರಲ್ಲಿ ತೀರಿಕೊಂಡರು. ಇಬ್ಬರಿಗೂ 2021ರಲ್ಲಿ ಪದ್ಮಶ್ರೀ ಗೌರವವು ಬಂದಿತು. ನಮ್ಮ ನಾಡಿನಲ್ಲಿ ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಗಳಾಗಿದ್ದ ಎಚ್. ನರಸಿಂಹಯ್ಯನವರು ಪವಾಡಗಳನ್ನೂ ಮೂಢನಂಬಿಕೆಗಳನ್ನೂ ಪರೀಕ್ಷಿಸಲು 1976ರಲ್ಲಿ ಒಂದು ಸಮಿತಿಯನ್ನೇ ರಚಿಸಿದರು. ಅಮಾನವೀಯ ದುಷ್ಟಪದ್ಧತಿಗಳನ್ನೂ ಮಾಟವನ್ನೂ ತಡೆಯುವ ಕರ್ನಾಟಕದ ಅಧಿನಿಯಮವು 2017ರಲ್ಲಿ ಅಂಗೀಕೃತವಾಗಿ 2020ರ ಜನವರಿಯಲ್ಲಿ ಜಾರಿಗೆ ಬಂದಿದೆ. ದೆವ್ವ ಬಿಡಿಸುವ ನೆವದಿಂದ ಹೊಡೆಯುವುದು, ಹಾವೋ ನಾಯಿಯೋ ಕಚ್ಚಿದವರಿಗೆ ವೈದ್ಯವನ್ನು ತಪ್ಪಿಸಿ ಮಂತ್ರಕ್ಕೆ ಒಪ್ಪಿಸುವುದು, ಇವೆಲ್ಲ ಅಪರಾಧಗಳು. ಒಂದರಿಂದ ಏಳು ವರ್ಷಗಳ ಸೆರೆವಾಸವುಂಟು. ಐದು ಸಾವಿರದಿಂದ ಐವತ್ತು ಸಾವಿರ ರೂಪಾಯಿಗಳ ವರೆಗೆ ದಂಡವುಂಟು. ಪೂಜೆ, ಯಾತ್ರೆ, ಹರಿಕಥೆ, ಭಜನೆಗಳಿಗೆ ಈ ಕಾನೂನಿನಿಂದ ಯಾವ ಅಡ್ಡಿಯೂ ಇಲ್ಲ. ಧರ್ಮಕ್ಕೆ ಕೇಡು ಬಂದಿತೆಂದು ಯಾರೂ ಅಂಜಬೇಕಾದುದಿಲ್ಲ.

ಆದರೆ ಬಾವಿಯ ಬಳಿ ಕೊಡವನ್ನೆತ್ತಿಕೊಂಡು ಹೊರಡುವ ಹೆಂಗಸರನ್ನು ಯಾವ ಕಾನೂನೂ ಹಿಡಿಯಲಾರದು. ಎಲೆಯ ಮುಂದೆ ಹೌದೆನ್ನುವ ಹುಡುಗನನ್ನೂ ಹಿಡಿಯಲಾರದು. ಅಲ್ಲಿ ಕೆಲಸಕ್ಕೆ ಬರುವುದು ಧರ್ಮವೊಂದೇ. ಆದುದರಿಂದ ಈ ಮಹೋತ್ಸವದ ನೆನಪಿಗಾಗಿ ನಾವು ಒಂದು ನೇಮವನ್ನು ಹಿಡಿಯೋಣವೆಂದು ಬೇಡಿಕೊಳ್ಳುತ್ತೇನೆ. ಮನೆಯಲ್ಲಿ ಕಾಯಿಲೆಯಾದರೆ ಏನಾಗಿದೆಯೆಂದು ವೈದ್ಯರನ್ನು ಕೇಳೋಣ. ಯಾರು ಮಾಡಿಸಿದರೆಂದು ಯಾರನ್ನೂ ಕೇಳದಿರೋಣ. ಊರಿನಲ್ಲಿ ಒಬ್ಬ ಹೆಂಗಸಿನ ಹೆಸರು ಹಾಗೆ ಕೇಳಿಬಂದರೆ, ಆ ಹೆಸರನ್ನು ಮುಂದಕ್ಕೆ ಸಾಗಿಸದೆ, ಅಂದೇ ಅವಳ ಮನೆಗೆ ಹೋಗಿ, ಅವಳು ಕೊಟ್ಟ ನೀರನ್ನು ನಾಲ್ವರೆದುರಿಗೆ ಕುಡಿಯೋಣ. ಹತ್ತು ಉಪನ್ಯಾಸಗಳಿಗಿಂತ ಆ ಒಂದು ಗುಟುಕು ಮೇಲು.

ಪೂಜ್ಯರಲ್ಲಿಯೂ ಒಂದು ಬಿನ್ನಹವುಂಟು. ಹೆದರಿದ ಭಕ್ತನು ಮಠಕ್ಕೆ ಬಂದೇ ಬರುವನು. ತಾಯಿತವನ್ನು ಕೇಳುವನು, ಯಂತ್ರವನ್ನು ಕೇಳುವನು, ಹೆಸರನ್ನೂ ಕೇಳುವನು. ಅವನಿಗೆ ವಿಭೂತಿಯೂ ಧೈರ್ಯವೂ ಸಿಕ್ಕಲಿ, ವೈದ್ಯರ ಬಳಿಗೆ ಹೋಗೆಂಬ ಅಪ್ಪಣೆಯೂ ಸಿಕ್ಕಲಿ. ಆದರೆ ನಮ್ಮ ಯಾವ ಮಠದ ಬಾಗಿಲಲ್ಲಿಯೂ ಎಂದೆಂದಿಗೂ ಒಂದು ಹೆಸರು ಮಾತ್ರ ಸಿಕ್ಕದಿರಲಿ.

ಕೊನೆಯದಾಗಿ ಊರ ಯುವಕರಿಗೆ ಒಂದು ಮಾತು. ಕುರುಕ್ಷೇತ್ರವನ್ನು ಆಡಿರಿ, ಸಂತೋಷ. ಅದರ ಜೊತೆಗೆ ಒಂದು ವರ್ಷವಾದರೂ ನಮ್ಮದೇ ಹಳ್ಳಿಯ ಇಂಥ ಕಥೆಯೊಂದನ್ನು ಕಟ್ಟಿ ಆಡಿರಿ. ಅದಕ್ಕೆ ಕಿರೀಟ ಬೇಡ, ಗದೆ ಬೇಡ. ಒಂದು ಜಗುಲಿ, ಒಂದು ಬಾವಿ, ಒಂದು ಚೆಂಬು ಇದ್ದರೆ ಸಾಕು. ನೋಡಲು ಕುಳಿತ ಪ್ರತಿಯೊಬ್ಬನೂ ಆ ರಾತ್ರಿ ತಾನು ಎಲ್ಲಿ ಕುಳಿತಿದ್ದೆನೆಂದು ತನ್ನನ್ನು ಕೇಳಿಕೊಂಡು ಮನೆಗೆ ಹೋಗುವಂತಾದರೆ, ಆ ನಾಟಕವು ಗೆದ್ದಂತೆ.

 ಆ ಅಜ್ಜಿಯ ಆತ್ಮಕ್ಕೂ, ಗುರುಚರಣಕ್ಕೂ ಶರಣೆಂದು ನನ್ನ ಮಾತನ್ನು ಮುಗಿಸುತ್ತೇನೆ.

ಶರಣು ಶರಣಾರ್ಥಿ.